ಅಪಘಾತ ಕಂಡ ಮಗು ದಿನಾ ‘ಲಾರಿ ಗುದ್ದೋ ಆಟ’ ಆಡುತ್ತಿದ್ದರೆ ತಡೆಯಬೇಕೇ?

ತಡೆಯಬೇಡಿ. ಹಾಗಂತ ಗಮನಿಸದೆ ಬಿಡಲೂಬೇಡಿ. ನೀವು ಬರೆದಿರುವ ಪ್ರಕಾರ ಅಕ್ಕನ ಮಗನಿಗೆ ಆರು ವರ್ಷ. ಎರಡು ತಿಂಗಳ ಹಿಂದೆ ಚಿತ್ರದುರ್ಗದಿಂದ ದಾವಣಗೆರೆಗೆ ಬರುವಾಗ ಅಪ್ಪನ ಬೈಕಿಗೆ ಲಾರಿ ಗುದ್ದಿದೆ, ಹುಡುಗ ಹಿಂದೆ ಕೂತಿದ್ದ. ಈಗ ರಾತ್ರಿ ಹಾಸಿಗೆ ಒದ್ದೆ, ಹಗಲೆಲ್ಲ ಇದೊಂದೇ ಆಟ.

ನೋಡಬೇಕಾದದ್ದು ಆಟ ಮುಂದಕ್ಕೆ ಹೋಗುತ್ತಿದೆಯೋ ಇಲ್ಲವೋ ಎಂಬುದನ್ನು. ಈ ವಾರ ಬರೀ ಗುದ್ದು, ಮುಂದಿನ ವಾರ ಆಂಬುಲೆನ್ಸ್ ಬಂತು, ಆಮೇಲೆ ಯಾರೋ ಡ್ರೈವರಿಗೆ ಬೈದರು ಅಂದರೆ ಮನಸ್ಸಿನೊಳಗೆ ಅದನ್ನು ಅರಗಿಸಿಕೊಳ್ಳುವ ಕೆಲಸ ನಡೆಯುತ್ತಿದೆ. ಅದೇ ಗುದ್ದು, ಅದೇ ಬೀಳುವುದು, ಮುಖದಲ್ಲಿ ಗೆಲುವಿಲ್ಲ, ಮುಗಿಸಿದ ಮೇಲೆ ಚಡಪಡಿಕೆ ಹೆಚ್ಚು ಎಂದಾದರೆ ಆಟ ಸಿಕ್ಕಿಹಾಕಿಕೊಂಡಿದೆ. ಅಂಥ ಆಟದಿಂದ ಹೆದರಿಕೆ ಕರಗುವುದಿಲ್ಲ, ಪ್ರತಿ ಸಲ ಹೊಸದಾಗುತ್ತದೆ. ಎರಡು ತಿಂಗಳಾದ ಮೇಲೂ ಹೀಗೇ ಇದ್ದರೆ ತಜ್ಞರಿಗೆ ತೋರಿಸಲೇಬೇಕು.

ಅಲ್ಲಿಯವರೆಗೆ ಮನೆಯಲ್ಲೂ ಮಾಡಬಹುದಾದದ್ದಿದೆ. ತಂದೆತಾಯಿಗೇ ತರಬೇತಿ ಕೊಟ್ಟು ಆಡಿಸುವ ಕ್ರಮವನ್ನು ಅಮೆರಿಕದ ಗರ್ನಿ ದಂಪತಿ 1960ರ ದಶಕದಲ್ಲೇ ರೂಪಿಸಿದರು. ವಾರಕ್ಕೊಮ್ಮೆ, ಒಂದೇ ದಿನ, ಒಂದೇ ಹೊತ್ತು, ಅರ್ಧ ಗಂಟೆ. ಅಕ್ಕ ಆಡಿಸಿದರೆ ಒಳ್ಳೆಯದು, ಆಗದಿದ್ದರೆ ನೀವು. ಬಾಗಿಲು ಮುಂದೆ ಮಾಡಿ, ಮೊಬೈಲ್ ಹೊರಗಿಡಿ. ಆಟಿಕೆ ಹತ್ತಿಪ್ಪತ್ತು ಸಾಕು: ಲಾರಿ, ಬೈಕ್, ಆಂಬುಲೆನ್ಸ್, ಡಾಕ್ಟರ್ ಸೆಟ್, ಅಪ್ಪ-ಅಮ್ಮ-ಮಕ್ಕಳ ಗೊಂಬೆ, ಪೊಲೀಸ್, ಒಂದೆರಡು ಪ್ರಾಣಿ, ಅಡುಗೆ ಸಾಮಾನು, ಜೇಡಿಮಣ್ಣು, ಬಣ್ಣದ ಕಡ್ಡಿ. ಜಾತ್ರೆಯಲ್ಲಿ ಸಿಗುವಂಥದ್ದೇ ಆದೀತು. ಬ್ಯಾಟರಿಯಲ್ಲಿ ತಾನೇ ಓಡುವ, ಕೂಗುವ ಆಟಿಕೆ ಬೇಡ. ಅದು ಮಗುವಿನ ಕಥೆಯನ್ನು ಕಿತ್ತುಕೊಳ್ಳುತ್ತದೆ. ಆಟಿಕೆಗಳನ್ನು ಇಟ್ಟು ಆಡಲು ಮರಳಿನ ಟ್ರೇ ಬಹಳ ಉಪಯೋಗಕ್ಕೆ ಬರುತ್ತದೆ. ಸಾಮಾನ್ಯ ಅಳತೆ 30 ಇಂಚು ಉದ್ದ, 20 ಅಗಲ, 3 ಆಳ, ಒಳಗೆ ನೀಲಿ ಬಣ್ಣ. ಅರ್ಧ ತುಂಬಲು ಒಂದು ಬಕೆಟ್ ಮರಳು ಸಾಕಾಗುತ್ತದೆ. ಎಂ-ಸ್ಯಾಂಡ್ ಚುಚ್ಚುತ್ತದೆ, ಜರಡಿ ಹಿಡಿದು ತೊಳೆದ ನದಿ ಮರಳು ಹಾಕಿ. ಈ ಸಾಮಾನನ್ನು ಆ ಅರ್ಧ ಗಂಟೆಗೆ ಮಾತ್ರ ತೆಗೆಯಿರಿ.

ಏನು ಆಡಬೇಕೆಂದು ಹುಡುಗ ತೀರ್ಮಾನಿಸಲಿ. ನೀವು ಪಕ್ಕದಲ್ಲಿ ಕೂತು ಕಂಡದ್ದನ್ನಷ್ಟೇ ಹೇಳಿ: ‘ಲಾರಿ ಮತ್ತೆ ಬಂತು’, ‘ಗೊಂಬೆಗೆ ತುಂಬಾ ಹೆದರಿಕೆ ಆಯ್ತು.’ ‘ಇದು ಅಪ್ಪನಾ?’ ಎಂದು ಕೇಳಿದಿರೋ, ಆಟ ಅಲ್ಲಿಗೇ ನಿಂತಿತು. ಗೊಂಬೆಯ ಮರೆಯಲ್ಲಿ ಇದ್ದುದರಿಂದಲೇ ಅವನಿಗೆ ಧೈರ್ಯವಿತ್ತು. ಆಟ ಸಿಕ್ಕಿಹಾಕಿಕೊಂಡಿದ್ದರೆ ‘ಈಗ ಇವರಿಗೆ ಯಾರು ಸಹಾಯ ಮಾಡ್ತಾರೆ?’ ಎಂದು ಒಮ್ಮೆ ಮೆಲ್ಲಗೆ ಕೇಳಬಹುದು. ಉತ್ತರ ಬರದಿದ್ದರೆ ಒತ್ತಾಯ ಬೇಡ. ಹೊಡೆಯಲು ಬಂದರೆ ಗದರಬೇಡಿ: ‘ನಿಂಗೆ ಸಿಟ್ಟು ಬಂದಿದೆ. ನನಗೆ ಹೊಡೆಯೋ ಹಾಗಿಲ್ಲ. ದಿಂಬಿಗೆ ಹೊಡಿ.’ ಇದೇ ಅನುಕ್ರಮದಲ್ಲಿ ಹೇಳಿ. ಮುಗಿಯುವ ಐದು ನಿಮಿಷ ಮೊದಲೇ ತಿಳಿಸಿ.

ಮನೆಗಳಲ್ಲಿ ಕೆಡುವುದು ಹೆಚ್ಚಾಗಿ ಸುತ್ತಲಿನವರಿಂದ. ಅಜ್ಜಿ ಒಳಗೆ ಬಂದು ‘ಅಪಶಕುನದ ಆಟ ಬಿಡೋ’ ಅನ್ನುತ್ತಾರೆ, ನೋಡಲು ಬಂದ ನೆಂಟರ ಮುಂದೆ ‘ಏನಾಯ್ತು ಹೇಳು’ ಅಂತ ಹೇಳಿಸುತ್ತಾರೆ, ಯಾರೋ ವಿಡಿಯೋ ಮಾಡುತ್ತಾರೆ. ಮೂರನ್ನೂ ನಿಲ್ಲಿಸಿ. ದೃಷ್ಟಿ ತೆಗೆಸುವುದು, ತಾಯತ ಕಟ್ಟಿಸುವುದು ಮನೆಯವರ ಸಮಾಧಾನಕ್ಕಿದ್ದರೆ ನನ್ನ ತಕರಾರಿಲ್ಲ, ಅದರ ನೆಪದಲ್ಲಿ ಮಗುವನ್ನು ಹೆದರಿಸಬಾರದು ಅಷ್ಟೇ. ಹಾಸಿಗೆ ಒದ್ದೆ ಮಾಡಿದ್ದಕ್ಕೆ ನಾಚಿಸಬೇಡಿ. ಸೋಂಕು ಇದೆಯೇ ಎಂದು ಮೂತ್ರ ಪರೀಕ್ಷೆಯನ್ನೂ ಮಾಡಿಸಿ. ಅವನೂ ಬೈಕಿನಿಂದ ಬಿದ್ದಿದ್ದಾನೆ. ತಲೆನೋವು, ವಾಂತಿ ಇದ್ದರೆ ಮೊದಲು ಆಸ್ಪತ್ರೆ, ಆಮೇಲೆ ಆಟ.

ದಾವಣಗೆರೆಯಲ್ಲಿ ಚಿಗಟೇರಿ ಜಿಲ್ಲಾಸ್ಪತ್ರೆಯ ಮನೋವೈದ್ಯರ ಬಳಿ ಮೊದಲು ಹೋಗಿ. ಊರಿನ ಎರಡು ಮೆಡಿಕಲ್ ಕಾಲೇಜುಗಳೂ ಇವೆ. ಅವರು ಬೇಕೆಂದರೆ ಬೆಂಗಳೂರಿನ ನಿಮ್ಹಾನ್ಸ್ ಮಕ್ಕಳ ಮನೋವೈದ್ಯಕೀಯ ವಿಭಾಗಕ್ಕೆ ಬರೆದುಕೊಡುತ್ತಾರೆ. ಫೋನಿನಲ್ಲಿ ಮಾತಾಡಲು ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416, ಕನ್ನಡದಲ್ಲೇ ಉತ್ತರ ಸಿಗುತ್ತದೆ. ಖಾಸಗಿಯಾಗಿ ‘ಪ್ಲೇ ಥೆರಪಿ’ (ಆಟದ ಮೂಲಕ ಚಿಕಿತ್ಸೆ) ಬೋರ್ಡು ಹಾಕಿರುವವರ ಹತ್ತಿರ ಹೋಗುವುದಾದರೆ ತರಬೇತಿ ಎಲ್ಲಿ ಪಡೆದಿರಿ, ಪೋಷಕರೊಂದಿಗೆ ಎಷ್ಟು ಸಲ ಕೂರುತ್ತೀರಿ ಎಂದು ಕೇಳಿ. ಎರಡು-ಮೂರು ಸಿಟ್ಟಿಂಗಿನಲ್ಲಿ ಸರಿಮಾಡುತ್ತೇನೆ ಅನ್ನುವವರನ್ನು ಬಿಟ್ಟುಬಿಡಿ.