ಬರೆದಿದ್ದೆಲ್ಲ ನಿಜ ಆಗೋ ನಕ್ಷೆ

ಪ್ರಶ್ನೆ: ಮೇಡಂ, ನಾನೊಂದು ಕಾದಂಬರಿ ಬರೀತಿದೀನಿ, ನಾಯಕ ಒಬ್ಬ ಮಾಂತ್ರಿಕ ನಕ್ಷೆಗಾರ, ಅವನು ಕಾಗದದ ಮೇಲೆ ಊರು ಬರೆದ್ರೆ ಊರು ಹುಟ್ಟುತ್ತೆ, ನದಿ ಅಳಿಸಿದ್ರೆ ನದಿ ಬತ್ತುತ್ತೆ. ಹುಟ್ಟಿಂದ ಸಾವಿನ ತನಕ ಅವನ ಕಥೆ ಬರೆದಾಯ್ತು, ಆದ್ರೆ ಓದಿದವರೆಲ್ಲ ‘ಆಳೇ ಕಣ್ಣಿಗೆ ಕಟ್ಟಲ್ಲ’ ಅಂತಿದಾರೆ. ಎಲ್ಲಿ ತಪ್ಪಿದೀನಿ?

ಉತ್ತರ: ನಿಮ್ಮ ನಕ್ಷೆಗಾರ ನಡೆಯೋದೇ ಇಲ್ಲ ಅನ್ಸುತ್ತೆ ನಂಗೆ. ಕೂತಲ್ಲೇ ಗೆರೆ ಎಳೀತಾನೆ, ಲೋಕ ಆಗ್ಬಿಡುತ್ತೆ, ಕಾಲಿಗೆ ಧೂಳೇ ಅಂಟಲ್ಲ. ನೈನ್ ಸಿಂಗ್ ರಾವತ್ ಬಗ್ಗೆ ಓದಿ. ಕುಮಾವೂಂ ಕಡೆಯ ಮೇಷ್ಟ್ರು ಅವರು, ಟಿಬೆಟ್ ಒಳಗೆ ಹೊರಗಿನವರನ್ನ ಬಿಡ್ತಿರ್ಲಿಲ್ಲ ಅಂತ ಬ್ರಿಟಿಷ್ ಸರ್ವೇಯವರು ಇವರಿಗೆ ಟ್ರೈನಿಂಗ್ ಕೊಟ್ಟು ವೇಷ ಬದಲಿಸಿ ಕಳಿಸಿದ್ರು. ಹತ್ತೋದಿರ್ಲಿ ಇಳಿಯೋದಿರ್ಲಿ ಹೆಜ್ಜೆ ಒಂದೇ ಅಳತೆಗೆ ಬೀಳೋ ಹಾಗೆ ಕಾಲು ಪಳಗಿಸ್ಕೊಂಡಿದ್ರು, ಸುಮಾರು 2000 ಹೆಜ್ಜೆ ಅಂದ್ರೆ ಒಂದು ಮೈಲಿ. ಎಣಿಸೋಕೆ ಕೈಯಲ್ಲಿ ಜಪಮಾಲೆ, ಅದ್ರಲ್ಲಿ 108ರ ಬದಲು 100 ಮಣಿ, 100 ಹೆಜ್ಜೆಗೊಂದು ಮಣಿ ಜರುಗಿಸೋದು. ಪ್ರಾರ್ಥನಾ ಚಕ್ರದ ಒಳಗೆ ಮಂತ್ರದ ಸುರುಳಿ ಇರೋ ಜಾಗದಲ್ಲಿ ಲೆಕ್ಕದ ಚೀಟಿ. ಎತ್ತರ ತಿಳಿಯೋಕೆ ನೀರು ಕುದಿಸಿ ಥರ್ಮಾಮೀಟರ್ ಇಡೋರು, ಮೇಲೆ ಹೋದಷ್ಟೂ ನೀರು ಕಡಿಮೆ ಬಿಸಿಗೇ ಕುದಿಯುತ್ತಲ್ಲ. ಹೀಗೆ ನಡ್ಕೊಂಡೇ 1866ರ ಜನವರಿಯಲ್ಲಿ ಲ್ಹಾಸಾ ಮುಟ್ಟಿದ್ರು, 1877ರಲ್ಲಿ ಲಂಡನ್ನಿನ ರಾಯಲ್ ಜಿಯಾಗ್ರಫಿಕಲ್ ಸೊಸೈಟಿ ಚಿನ್ನದ ಪದಕ ಕೊಡ್ತು. ನೋಡಿದವರಿಗೆ ಒಬ್ಬ ಭಕ್ತ ಜಪ ಮಾಡ್ಕೊಂಡು ಹೋಗ್ತಿದಾನೆ, ಅವನ ಬೆರಳ ತುದಿಯಲ್ಲಿ ಒಂದು ದೇಶ ಅಳತೆ ಆಗ್ತಿದೆ! ನಿಮ್ಮ ನಾಯಕನಿಗೂ ಇಂಥ ಕೈಕೆಲಸ ಕೊಡಿ. ಮಾಟಕ್ಕೆ ಬೆಲೆನೂ ಇಡಿ, ಒಂದು ಹೊಸ ಊರು ಬರೆದ್ರೆ ಅವನು ಕಂಡ ಒಂದು ಊರು ಅವನ ನೆನಪಿಂದ ಹೋಗ್ಲಿ, ಕೊನೆಗೆ ಅಮ್ಮನ ಮನೆಗೆ ಹೋಗೋ ದಾರಿ ಅವನಿಗೇ ಗೊತ್ತಿಲ್ಲ ಅನ್ನೋ ಹಾಗಾಗ್ಲಿ.

ಪ್ರಶ್ನೆ: ಮ್ಯಾಪಲ್ಲಿ ಬರೆದಿದ್ದು ನಿಜ ಆಗೋದು ತೀರಾ ಮಕ್ಕಳ ಕಥೆ ಥರ ಆಗಲ್ವಾ?

ಉತ್ತರ: ಆಗಲ್ಲ, ಯಾಕಂದ್ರೆ ಅದು ನಡೆದಿದೆ. ಅಮೆರಿಕದಲ್ಲಿ 1930ರ ದಶಕದಲ್ಲಿ ಓಟೋ ಲಿಂಡ್‌ಬರ್ಗ್, ಅರ್ನೆಸ್ಟ್ ಆಲ್ಪರ್ಸ್ ಅನ್ನೋ ಇಬ್ಬರು ತಮ್ಮ ಮ್ಯಾಪನ್ನ ಬೇರೆಯವರು ಕದ್ರೆ ಗೊತ್ತಾಗ್ಲಿ ಅಂತ ನ್ಯೂಯಾರ್ಕ್ ರಾಜ್ಯದಲ್ಲಿ ಇಲ್ಲದ ಊರೊಂದನ್ನ ಸೇರಿಸಿದ್ರು, ತಮ್ಮ ಹೆಸರಿನ ಮೊದಲ ಅಕ್ಷರಗಳನ್ನೇ ಕಲಸಿ ‘ಅಗ್ಲೋ’ ಅಂತ ಹೆಸರಿಟ್ರು. ಆಮೇಲೆ ಇನ್ನೊಂದು ದೊಡ್ಡ ಕಂಪನಿ ಮ್ಯಾಪಲ್ಲೂ ಅಗ್ಲೋ ಬಂತು, ಕಳ್ಳತನ ಸಿಕ್ತು ಅಂತ ಇವರು ಜಗಳಕ್ಕೆ ಹೋದ್ರೆ ಅಲ್ಲಿ ನಿಜವಾಗ್ಲೂ ಅಗ್ಲೋ ಜನರಲ್ ಸ್ಟೋರ್ ಅಂತ ಅಂಗಡಿ ನಿಂತಿತ್ತು, ಅಂಗಡಿಯವರು ಮ್ಯಾಪ್ ನೋಡ್ಕೊಂಡೇ ಆ ಹೆಸರಿಟ್ಟಿದ್ರು. ಮಂತ್ರ ಇಲ್ಲ, ಏನೂ ಇಲ್ಲ. ಬರೆದಿದೆ ಅಂದ್ಮೇಲೆ ಇದ್ದೇ ಇರುತ್ತೆ ಅಂತ ಜನ ನಂಬಿದ್ರು ಅಷ್ಟೆ, ನಿಮ್ಮ ನಾಯಕನ ಶಕ್ತಿನೂ ಆ ನಂಬಿಕೆಯಿಂದಲೇ ಬರ್ಲಿ.

ಪ್ರಶ್ನೆ: ಹಳೇ ನಕ್ಷೆಗಳಲ್ಲಿ ‘ಇಲ್ಲಿ ಡ್ರ್ಯಾಗನ್ ಇದೆ’ ಅಂತ ಬರೀತಿದ್ರಂತೆ, ಹೌದಾ?

ಉತ್ತರ: ಎಲ್ಲರೂ ಹಾಗಂತಾರೆ, ಆದ್ರೆ ಆ ಮಾತು ಸಿಗೋದೇ ಅಪರೂಪ. ನ್ಯೂಯಾರ್ಕ್ ಪಬ್ಲಿಕ್ ಲೈಬ್ರರಿಯಲ್ಲಿರೋ ಸುಮಾರು 1510ರ ಒಂದು ಪುಟ್ಟ ತಾಮ್ರದ ಗೋಳದ ಮೇಲೆ ಲ್ಯಾಟಿನ್‌ನಲ್ಲಿದೆ.

ಪ್ರಶ್ನೆ: ಕೊನೇ ಅಧ್ಯಾಯದಲ್ಲಿ ನಕ್ಷೆಗಾರ ಸಾಯ್ತಾನೆ, ಅವನು ಬಿಟ್ಟು ಹೋಗಿದ್ದು ಏನು ಅಂತ ತೋರಿಸ್ಲಿ?

ಉತ್ತರ: ಪ್ರತಿಮೆ, ಮೆರವಣಿಗೆ ಎಲ್ಲ ದಯವಿಟ್ಟು ಬೇಡ. ಅವನ ಒಂದು ತಪ್ಪನ್ನ ಉಳಿಸಿ. 1798ರಲ್ಲಿ ಜೇಮ್ಸ್ ರೆನೆಲ್ ಪಶ್ಚಿಮ ಆಫ್ರಿಕಾದ ಮ್ಯಾಪಲ್ಲಿ ಕಾಂಗ್ ಅನ್ನೋ ಬೆಟ್ಟಸಾಲು ಬರೆದ್ರು, ಅವರೇನು ಸಣ್ಣ ಆಸಾಮಿ ಅಲ್ಲ, ಬಂಗಾಳ ಸರ್ವೇ ಮಾಡಿದವರು, ಹಾಗಾಗಿ ಉಳಿದವರೆಲ್ಲ ಹಿಂದೆ ಮುಂದೆ ನೋಡ್ದೆ ಅದನ್ನೇ ನಕಲು ಮಾಡ್ತಾ ಹೋದ್ರು. ಸುಮಾರು 90 ವರ್ಷ ಆದ್ಮೇಲೆ ಬಿಂಜೆ ಅನ್ನೋ ಫ್ರೆಂಚ್ ಅಧಿಕಾರಿ ಅಲ್ಲಿಗೆ ಹೋಗಿ ನೋಡಿದ್ರೆ ಅಂಥ ಬೆಟ್ಟಸಾಲೇ ಇಲ್ಲ. ನಿಮ್ಮ ಕಥೆಯಲ್ಲೂ ಅವನ ಶಿಷ್ಯೆ ಒಬ್ಬಳು ಗುರು ಬರೆದ ಬೆಟ್ಟ ಹುಡುಕ್ಕೊಂಡು ನಡೀಲಿ, ಅಲ್ಲಿ ಬರೀ ಬಯಲಿರ್ಲಿ, ಕೈಯಲ್ಲಿ ರಬ್ಬರ್ ಹಿಡ್ಕೊಂಡು ಅವಳು ಎಷ್ಟು ಹೊತ್ತು ನಿಂತಿದ್ಲು ಅಂತ ಬರೀರಿ. ಅಳಿಸಿದ್ಲಾ ಇಲ್ವಾ ಅನ್ನೋದು ನಿಮಗೆ ಬಿಟ್ಟಿದ್ದು. ಆ ಅಧ್ಯಾಯ ಮುಗಿದ ಮೇಲೆ ನಂಗೆ ಕಳ್ಸಿ, ಖಂಡಿತ ಓದ್ತೀನಿ.