ಮಾಂಸದ ದೃಶ್ಯಗಳನ್ನು ಬಿಟ್ಟು ‘ಆಮಿಸ್’ ನೋಡಬಹುದಾ?

ನೀವು ಸಸ್ಯಾಹಾರಿ. ‘ಆಮಿಸ್’ ಅನ್ನುವ ಅಸ್ಸಾಮಿ ಸಿನಿಮಾದಲ್ಲಿ ಮಾಂಸ ತಿನ್ನುವ ದೃಶ್ಯ ಬಂದಾಗ ಮುಂದಕ್ಕೆ ಓಡಿಸಿದರೂ ಪ್ರೇಮಕಥೆ ಅರ್ಥ ಆಗುತ್ತಾ ಅಂತ ಕೇಳಿದ್ದೀರಿ. ಕೊನೆ ಗೊತ್ತು ಅಂತಲೂ ಬರೆದಿದ್ದೀರಿ, ಹಾಗಾಗಿ ಮುಚ್ಚಿಡದೆ ಹೇಳುತ್ತೇನೆ. ನಾನು ಹಾಗೇ ನೋಡಿದೆ. ಅದರಿಂದ ಒಬ್ಬ ಗೆಳೆಯನನ್ನು ಕಳೆದುಕೊಂಡೆ.

ಅವನು ಅಸ್ಸಾಮಿನ ಜೋರ್ಹಾಟ್ ಕಡೆಯವನು. ಬೆಂಗಳೂರಿನಲ್ಲಿ ಒಂದೇ ಆಫೀಸು, ಮಧ್ಯಾಹ್ನದ ಊಟಕ್ಕೆ ಒಂದೇ ಟೇಬಲ್. ನಾನು ಮಾಂಸ ತಿನ್ನಲ್ಲ ಅಂತ ಪರಂಗಿಕಾಯಿಯ ಖಾರ್ ಮಾಡಿ ತರುತ್ತಿದ್ದ. ಬಾಳೆಹಣ್ಣಿನ ಒಣಗಿದ ಸಿಪ್ಪೆ ಸುಟ್ಟು, ಬೂದಿಗೆ ನೀರು ಹಾಕಿ ಸೋಸಿ, ಆ ನೀರಲ್ಲಿ ಬೇಯಿಸುವುದು. ನಮ್ಮ ಖಾರಕ್ಕೂ ಅದಕ್ಕೂ ಸಂಬಂಧ ಇಲ್ಲ, ಅದು ಕ್ಷಾರದ ರುಚಿ. ಈ ಸಿನಿಮಾ ನೋಡು ಅಂತ ಹೇಳಿದ್ದೂ ಅವನೇ.

ಲ್ಯಾಪ್‌ಟಾಪಿನಲ್ಲಿ ಹಾಕಿಕೊಂಡೆ. ಒಲೆ ಕಂಡರೆ ಮುಂದೆ, ತಟ್ಟೆ ಕಂಡರೆ ಮುಂದೆ. ಕೊನೆಗೆ ಉಳಿದದ್ದು ಇಷ್ಟು: ಗುವಾಹಟಿಯ ಒಬ್ಬಳು ಮಕ್ಕಳ ಡಾಕ್ಟರು, ಮದುವೆಯಾದವಳು. ಒಬ್ಬ ಸಂಶೋಧನಾ ವಿದ್ಯಾರ್ಥಿ. ಒಂದಷ್ಟು ಮಾತು, ಓಡಾಟ. ಆಮೇಲೆ ಇದ್ದಕ್ಕಿದ್ದಂತೆ ಅವನು ತನ್ನ ತೊಡೆಯ ಮಾಂಸದಿಂದಲೇ ಅವಳಿಗೆ ಅಡುಗೆ ಮಾಡುತ್ತಾನೆ. ಮರುದಿನ ಎಲ್ಲರೂ ಊಟಕ್ಕೆ ಕೂತಿದ್ದಾಗ ನಾನು ಕೇಳಿದೆ: “ನಿಮ್ಮ ಕಡೆ ಇನ್ನೂ ಏನೇನು ತಿಂತೀರಪ್ಪ?” ಟೇಬಲ್ ತುಂಬ ನಗು. ಅವನು ಡಬ್ಬಿ ಮುಚ್ಚಿದ. ಆಮೇಲೆ ನಮ್ಮ ಟೇಬಲಿಗೆ ಬರಲಿಲ್ಲ. ಸಾರಿ ಕೇಳಿದೆ, “ಪರವಾಗಿಲ್ಲ” ಅಂದ, ಅಷ್ಟೇ.

ಬಾಯಿ ಜಾರಿದ್ದು ಆಮೇಲಿನ ಮಾತು. ತಪ್ಪು ಶುರುವಾದದ್ದು ಓಡಿಸಿ ನೋಡಿದಾಗಲೇ. ಭಾಸ್ಕರ್ ಹಜಾರಿಕಾ ಅವರ ಈ 2019ರ ಸಿನಿಮಾದಲ್ಲಿ ಡಾಕ್ಟರು ನಿರ್ಮಾಲಿ, ವಿದ್ಯಾರ್ಥಿ ಸುಮನ್ ಕೊನೆಯವರೆಗೂ ಒಬ್ಬರನ್ನೊಬ್ಬರು ಮುಟ್ಟುವುದೇ ಇಲ್ಲ. ಅವನು ಈಶಾನ್ಯದ ಮಾಂಸಾಹಾರದ ಬಗ್ಗೆ ಅಧ್ಯಯನ ಮಾಡುವವನು. ಮೊದಲು ಮೊಲದ ಮಾಂಸ ತಂದು ಕೊಡುತ್ತಾನೆ. ಆಮೇಲೆ ಒಂದೊಂದೇ ಹೊಸ ಊಟ. ಅವಳು ತಿನ್ನುತ್ತಾಳೆ, ಅವನು ನೋಡುತ್ತಾನೆ. ಪ್ರೇಮ ಇರುವುದೇ ಅಲ್ಲಿ! ಗೆಳತಿ ಜುಮಿಗೆ ಗಂಡನಲ್ಲದ ಇನ್ನೊಬ್ಬನ ಜೊತೆ ಸಂಬಂಧ ಇದೆ. ನಿರ್ಮಾಲಿಗೆ ಅದು ಸರಿ ಕಾಣುವುದಿಲ್ಲ. ತಾನು ಸುಮ್ನೆ ಊಟ ಮಾಡುತ್ತಿದ್ದೇನೆ ಅಷ್ಟೇ, ಅಲ್ವಾ? ನಿರ್ಮಾಲಿ ಪಾತ್ರದ ಲಿಮಾ ದಾಸ್ ಬಾಯಿಗೆ ತುತ್ತಿಡುವಾಗ ಆ ಮುಖ ನೋಡಬೇಕು. ಅದನ್ನು ಬಿಟ್ಟವರಿಗೆ ತೊಡೆಯ ಮಾಂಸ ಬರೀ ಹುಚ್ಚು. ನೋಡಿದವರಿಗೆ ಭಯವಾಗುವುದು ಬೇರೆ ಕಾರಣಕ್ಕೆ: ಇಬ್ಬರೂ ಎಷ್ಟು ಸಲೀಸಾಗಿ ಅಲ್ಲಿಗೆ ಬಂದುಬಿಟ್ಟರು ಅಂತ.

ಇನ್ನೊಂದು. ಅವರಿಬ್ಬರು ಮಾಡಿದ್ದು ಅಸ್ಸಾಮಿನ ಊಟ ಅಲ್ಲ. ಆ ಮಾಂಸಕ್ಕಾಗಿ ಕೊಲೆಯವರೆಗೆ ಹೋದಾಗ ಪೊಲೀಸರು ಹಿಡಿಯುತ್ತಾರೆ, ಊರೇ ಬೆಚ್ಚುತ್ತದೆ. ಅಲ್ಲಿನ ಮನೆಗಳಲ್ಲಿ ಬೇಯುವುದು ಮೀನಿನ ಹುಳಿ ಸಾರು, ಬೂದುಗುಂಬಳ ಹಾಕಿದ ಬಾತುಕೋಳಿ. ಕೆಂಪಿರುವೆಯ ಮೊಟ್ಟೆ ಬಿಹು ಹಬ್ಬದ ತಿನಿಸು. ಮುಖ ಸಿಂಡರಿಸಬೇಡಿ, ನಮ್ಮ ಮಲೆನಾಡಿನಲ್ಲಿ ಚಗಳಿ ಚಟ್ನಿ ಮಾಡುವುದೂ ಅಂಥದೇ ಇರುವೆಯಿಂದ.

ನಿಮ್ಮ ಪ್ರಶ್ನೆಯಲ್ಲಿ ಪ್ರೇಮಕಥೆ ಬೇರೆ, ಮಾಂಸ ಬೇರೆ. ನಾನು ಅದನ್ನು ಒಪ್ಪುವುದಿಲ್ಲ. ಓಡಿಸಿ ನೋಡುವುದಾದರೆ ನೋಡಲೇಬೇಡಿ. ಅಸಹ್ಯ ಆಗುತ್ತೆ ಅಂತ ಬಿಡುವುದರಲ್ಲಿ ತಪ್ಪೇನಿಲ್ಲ. ನೋಡುವುದಾದರೆ ಒಬ್ಬರೇ ಕೂತು ಪೂರ್ತಿ ನೋಡಿ. ಕೊನೆಯಲ್ಲಿ ಪೊಲೀಸರು ಮುಖ ಮುಚ್ಚಿ ನಿಲ್ಲಿಸಿದ ಆ ಇಬ್ಬರು ಮೊದಲ ಸಲ ಕೈ ಹಿಡಿದುಕೊಳ್ಳುತ್ತಾರೆ. ಊಟದ ದೃಶ್ಯಗಳನ್ನೆಲ್ಲ ಬಿಟ್ಟಿದ್ದ ನನಗೆ ಅವತ್ತು ಅದು ಏನೂ ಅನ್ನಿಸಲಿಲ್ಲ. ಎರಡನೇ ಸಲ ಪೂರ್ತಿ ನೋಡಿದಾಗ ಅತ್ತುಬಿಟ್ಟೆ.