ಯಜಮಾನರಿಲ್ಲದ ಚಿತ್ರದಲ್ಲಿ ಎರಡು ನಾಯಿಗಳು

ಪ್ರಶ್ನೆ: ಮುಂಬಯಿಯ ಚೋರ್ ಬಜಾರಿನ ಹಳೆಯ ಸಾಮಾನಿನ ಅಂಗಡಿಯೊಂದರಲ್ಲಿ ಕಟ್ಟು ಹಾಕಿದ ಎರಡು ಅಚ್ಚುಚಿತ್ರಗಳನ್ನು ಕಂಡೆ. ಒಂದರಲ್ಲಿ ನಮ್ಮ ಮುಧೋಳ ನಾಯಿಯನ್ನು ನೆನಪಿಸುವ, ಆದರೆ ಒರಟು ಕೂದಲಿನ ನಾಯಿ ಯುದ್ಧಕವಚ, ಪುಸ್ತಕಗಳ ನಡುವೆ ಕುಳಿತಿದೆ. ಇನ್ನೊಂದರಲ್ಲಿ ಮೋಟು ಮೂತಿಯ ದಪ್ಪ ನಾಯಿ ಕಟುಕನ ಬಾಗಿಲಲ್ಲಿದೆ. ಇವು ಜೋಡಿ ಚಿತ್ರಗಳೇ? ಇವುಗಳ ಅರ್ಥವೇನು?
– ಓದುಗರೊಬ್ಬರು, ಡೊಂಬಿವಲಿ

ಉತ್ತರ: ನಿಮ್ಮ ವರ್ಣನೆಯಂತೆ ಇವು ಇಂಗ್ಲೆಂಡಿನ ಚಿತ್ರಕಾರ ಎಡ್ವಿನ್ ಲ್ಯಾಂಡ್‌ಸೀರ್ 1829ರಲ್ಲಿ ಬರೆದ ‘ಹೈ ಲೈಫ್’ ಮತ್ತು ‘ಲೋ ಲೈಫ್’ ಎಂಬ ಜೋಡಿ ಚಿತ್ರಗಳ ಪ್ರತಿಗಳು. ಮೂಲಚಿತ್ರಗಳು ಲಂಡನ್ನಿನ ಟೇಟ್ ಕಲಾಸಂಗ್ರಹದಲ್ಲಿವೆ. ಎರಡರಲ್ಲಿಯೂ ಯಜಮಾನನಿಲ್ಲ, ಅವನ ಅಂತಸ್ತನ್ನು ನಾಯಿಯೂ ಅದರ ಸುತ್ತಲಿನ ವಸ್ತುಗಳೂ ಹೇಳುತ್ತವೆ. ಒಂದು ಕಡೆ ಕವಚ, ಖಡ್ಗ, ಗರಿಯ ಲೇಖನಿ. ಇನ್ನೊಂದು ಕಡೆ ಬೂಟು, ತಂಬಾಕಿನ ಚಿಲುಮೆ, ಮದ್ಯದ ಪಾತ್ರೆ.

ಇದು ಬರಿಯ ಚಿತ್ರಕಾರನ ಕಲ್ಪನೆಯಲ್ಲ, ಇದರ ಹಿಂದೆ ಕಾನೂನೇ ಇತ್ತು. ಇಂಗ್ಲೆಂಡಿನ 1671ರ ಬೇಟೆ ಕಾಯಿದೆಯ ಪ್ರಕಾರ, ಮೇಲ್ದರ್ಜೆಯ ಕೆಲವರನ್ನು ಬಿಟ್ಟರೆ, ಸ್ವಂತ ಭೂಮಿಯಿಂದ ವರ್ಷಕ್ಕೆ 100 ಪೌಂಡ್ ಅಥವಾ ದೀರ್ಘಾವಧಿಯ ಗೇಣಿ ಭೂಮಿಯಿಂದ 150 ಪೌಂಡ್ ಆದಾಯವಿಲ್ಲದವನು ಬೇಟೆಗೆ ಬಂದೂಕನ್ನಾಗಲಿ ಗ್ರೇಹೌಂಡ್ ಎಂಬ ತೆಳುಮೈಯ ಬೇಟೆನಾಯಿಯನ್ನಾಗಲಿ ಇಟ್ಟುಕೊಳ್ಳುವಂತಿರಲಿಲ್ಲ. ಈ ಆಸ್ತಿಯ ನಿಬಂಧನೆ ರದ್ದಾದದ್ದು 1831ರಲ್ಲಿ, ಅಂದರೆ ಈ ಚಿತ್ರಗಳು ಬಂದ ಎರಡು ವರ್ಷಗಳ ಮೇಲೆ. 1750ರ ಸುಮಾರಿಗೆ ಇಂಗ್ಲೆಂಡಿನ ಇನ್ನೊಬ್ಬ ಚಿತ್ರಕಾರ ಗೇನ್ಸ್‌ಬರೊ ಬರೆದ ಆಂಡ್ರೂಸ್ ದಂಪತಿಗಳ ಚಿತ್ರದಲ್ಲಿ ಗಂಡನ ತೋಳಿನಲ್ಲಿ ಬಂದೂಕು, ಕಾಲ ಬಳಿ ನಾಯಿ, ಹಿಂದೆ ಹೊಲ ಕಾಣುವುದನ್ನು ಈ ಹಿನ್ನೆಲೆಯಲ್ಲಿಯೇ ನೋಡಬೇಕು. ಹೊಲವಿದ್ದವನಿಗೆ ಮಾತ್ರ ಆ ಬಂದೂಕೂ ಆ ನಾಯಿಯೂ ಸಲ್ಲುತ್ತಿದ್ದವು. ಮುಧೋಳದ ಕಡೆ ರೈತನೂ ಬೇಟೆನಾಯಿ ಸಾಕುತ್ತಾನೆ. ಅದನ್ನು ನೋಡಿ ಬೆಳೆದ ನಮಗೆ ಈ ಕಟ್ಟಳೆ ಎಷ್ಟು ಕ್ರೂರವಾದದ್ದೆಂದು ಬೇಗ ಅರಿವಾಗುತ್ತದೆ.

ಆದರೂ ಲ್ಯಾಂಡ್‌ಸೀರ್ ಕಟುಕನ ನಾಯಿಯನ್ನು ಹೀಯಾಳಿಸಿದ್ದಾನೆಂದು ನನಗೆ ಅನಿಸುವುದಿಲ್ಲ. ಆ ಹೊಸಿಲು ತನ್ನದೆಂಬಂತೆ ಅದು ಗಟ್ಟಿಯಾಗಿ ಕುಳಿತಿದೆ. ಅರಮನೆಯ ನಾಯಿಯಾದರೋ ಅಷ್ಟೆಲ್ಲ ವೈಭವದ ನಡುವೆ ಯಾರದೋ ದಾರಿ ಕಾಯುವಂತೆ ಕಾಣುತ್ತದೆ. ಬಿಡಿಯಾಗಿ ನೋಡಿದರೆ ಇದು ಹೊಳೆಯುವುದಿಲ್ಲವಾದ್ದರಿಂದ, ಅಂಗಡಿಯವರು ಒಂದನ್ನೇ ಕೊಡುತ್ತೇನೆಂದರೂ ದಯವಿಟ್ಟು ಎರಡನ್ನೂ ಕೊಂಡು ಅಕ್ಕಪಕ್ಕದಲ್ಲಿ ತೂಗುಹಾಕಿ.